ಪ್ಲೇಗು ವೈದ್ಯರ ಉಡುಪು

ಮಕ್ಕಳೇ, 17ನೆಯ ಶತಮಾನದ ಯೂರೋಪಿನಲ್ಲಿ ಪ್ಲೇಗಿಗೆ ಚಿಕಿತ್ಸೆ ಮಾಡುತ್ತಿದ್ದ ಕೆಲವು ವೈದ್ಯರು ಮೇಣ ಸವರಿದ ನಿಲುವಂಗಿಯನ್ನೂ, ಹಕ್ಕಿಯ ಕೊಕ್ಕಿನಂತಹ ಮುಖವಾಡವನ್ನೂ ಧರಿಸುತ್ತಿದ್ದರು. ಕೆಟ್ಟ ಗಾಳಿಯೇ ರೋಗಕ್ಕೆ ಮೂಲವೆಂದು ನಂಬಿ ಕೊಕ್ಕಿನೊಳಗೆ ಸುಗಂಧದ ಮೂಲಿಕೆಗಳನ್ನು ತುಂಬುತ್ತಿದ್ದರು.

1894ರಲ್ಲಿ ಹಾಂಗ್‌ಕಾಂಗಿನಲ್ಲಿ ಯೆರ್ಸಿನ್ ಎಂಬಾತನು ರೋಗಾಣುವನ್ನು ಕಂಡುಹಿಡಿದನು. 1898ರಲ್ಲಿ ಕರಾಚಿಯಲ್ಲಿ ಸಿಮೋನ್ ಎಂಬ ವೈದ್ಯನು ಅದನ್ನು ಹರಡುವುದು ಇಲಿಯ ಚಿಗಟವೆಂದು ತೋರಿಸಿದನು. ಇಲಿ ಸತ್ತ ಮೇಲೆ ಚಿಗಟವು ಮನುಷ್ಯನ ಮೈಯೇರುತ್ತದೆ. ಮೂಲಿಕೆಯಿಂದ ಫಲವಿರಲಿಲ್ಲ, ಮೇಣದ ಬಟ್ಟೆಯು ಚಿಗಟವನ್ನು ಕೊಂಚ ತಡೆದಿರಬಹುದು.

ಅದೇ 1898ರಲ್ಲಿ ಬೆಂಗಳೂರಿಗೂ ಪ್ಲೇಗು ಬಂದಿತು. ಡಾಕ್ಟರ್ ಪಲ್ಪು ಅವರು ಪ್ರಾಣಭಯವನ್ನು ಬದಿಗಿಟ್ಟು ರೋಗಿಗಳ ಶಿಬಿರದಲ್ಲಿ ದುಡಿದರು. ಮನೆಯಲ್ಲಿ ಇಲಿ ಬಿದ್ದರೆ ಜನರು ಊರ ಹೊರಗೆ ಗುಡಿಸಲು ಸೇರುತ್ತಿದ್ದರು. ಚಿಗಟಗಳಿಂದ ದೂರವಾದ ಆ ಗುಡಿಸಲೇ ಕೊಕ್ಕಿನ ಮುಖವಾಡಕ್ಕಿಂತ ಮೇಲಾದ ರಕ್ಷೆಯಾಗಿತ್ತು.

ತಾಯಿತಂದೆಗಳೇ, ಧಾನ್ಯವನ್ನು ಮುಚ್ಚಿಡಿರಿ. ಮಕ್ಕಳೇ, ಸತ್ತ ಇಲಿಯನ್ನು ಮುಟ್ಟದೆ ಹಿರಿಯರಿಗೆ ತಿಳಿಸಿರಿ.