ದಕ್ಷಿಣ ಆಫ್ರಿಕಾದಲ್ಲಿ ರಸ್ತೆ ಫಲಕಕ್ಕೂ ಕಾನೂನಿದೆ

ರಸ್ತೆ ಫಲಕದ ಸೂಚನೆ ಮೀರಿದರೆ ದಂಡ ಬೀಳುತ್ತದೆಂಬುದು ಎಲ್ಲರಿಗೂ ಗೊತ್ತು. ಆ ಫಲಕವೂ ನಿಯಮದ ಪ್ರಕಾರ ನಿಂತಿರಬೇಕು ಎಂಬುದು ಎಷ್ಟೋ ಜನರಿಗೆ ತಿಳಿದಿರುವುದಿಲ್ಲ. ದಕ್ಷಿಣ ಆಫ್ರಿಕಾದ 1996ರ ರಾಷ್ಟ್ರೀಯ ರಸ್ತೆ ಸಂಚಾರ ಕಾಯ್ದೆಯ 58ನೇ ಸೆಕ್ಷನ್ ಪ್ರಕಾರ, ಗೊತ್ತುಪಡಿಸಿದ ರೀತಿಯಲ್ಲಿ ಹಾಕಿರುವ ಫಲಕವನ್ನು ಯಾರೂ ಮೀರುವಂತಿಲ್ಲ. ಸಂಚಾರ ಅಧಿಕಾರಿ ಸ್ಥಳದಲ್ಲೇ ಬೇರೆ ಸೂಚನೆ ಕೊಟ್ಟರೆ ಮಾತ್ರ ಅದೇ ಮೇಲು.

ಸಾಕ್ಷ್ಯ ಯಾರು ಕೊಡಬೇಕು?

ಕೇಸು ನಡೆದಾಗ, ಫಲಕವನ್ನು ಅಧಿಕಾರವುಳ್ಳವರೇ ಕಾಯ್ದೆಯ ಪ್ರಕಾರ ಹಾಕಿದ್ದಾರೆಂದು ಕೋರ್ಟು ಭಾವಿಸಿಕೊಳ್ಳುತ್ತದೆ. ಹಾಗಿಲ್ಲವೆನ್ನುವ ಚಾಲಕರೇ ಸಾಕ್ಷ್ಯ ಒದಗಿಸಬೇಕು. ಸ್ಟಾಪ್ ಫಲಕವನ್ನು ಮರದ ಕೊಂಬೆ ಮುಚ್ಚಿತ್ತೆಂದು ಬಾಯಲ್ಲಿ ಹೇಳಿದರೆ ಸಾಲದು. ಕೊಂಬೆ ಕಡಿಯುವ ಮೊದಲೇ, ಚಾಲಕನ ಕಣ್ಣಿನ ಎತ್ತರದಿಂದ, ರಸ್ತೆಯ ಗುರುತು ಸಿಗುವಂತೆ ಫೋಟೋ ತೆಗೆದಿಡಿ.

ವೇಗದ ವಿಷಯದಲ್ಲಿ ಎಚ್ಚರ ಬೇಕು. ಫಲಕ ಇಲ್ಲದಿದ್ದರೂ ಸಾಮಾನ್ಯ ಮಿತಿ ಇದ್ದೇ ಇರುತ್ತದೆ: ಪಟ್ಟಣದೊಳಗೆ ಗಂಟೆಗೆ 60 ಕಿ.ಮೀ., ಹೊರಗಿನ ರಸ್ತೆಗಳಲ್ಲಿ 100, ಫ್ರೀವೇಯಲ್ಲಿ 120. ಕಾಮಗಾರಿ ನಡೆಯುವಲ್ಲಿ ಹಳದಿ ಹಿನ್ನೆಲೆಯ ತಾತ್ಕಾಲಿಕ ಫಲಕಗಳಿರುತ್ತವೆ. ತಾತ್ಕಾಲಿಕವೆಂದು ಅವನ್ನು ಕಡೆಗಣಿಸುವಂತಿಲ್ಲ. ಸಿಗ್ನಲ್ ದೀಪ ಕೆಟ್ಟ ವೃತ್ತದಲ್ಲಿ ಎಲ್ಲ ಕಡೆಯವರೂ ನಿಲ್ಲಬೇಕು. ಗೆರೆಯ ಬಳಿ ಮೊದಲು ನಿಂತವರು ಮೊದಲು ಹೊರಡಬೇಕು.

ಫಲಕ ಹಾಕುವವರು ಯಾರು?

ಆ ಅಧಿಕಾರ ರಸ್ತೆಯ ಮೇಲೆ ಹಿಡಿತವಿರುವ ರಾಷ್ಟ್ರೀಯ, ಪ್ರಾಂತೀಯ ಇಲ್ಲವೇ ಸ್ಥಳೀಯ ಆಡಳಿತದ್ದು. ಖಾಸಗಿಯವರು ಸಾರ್ವಜನಿಕ ರಸ್ತೆಯಲ್ಲಿ ತಮ್ಮಷ್ಟಕ್ಕೆ ಫಲಕ ನೆಡುವಂತಿಲ್ಲ.

ಹಾಗಾದರೆ ಗೇಟು ಹಾಕಿದ ಬಡಾವಣೆಗಳ ಕಥೆ? ಡರ್ಬನ್ ಸಮೀಪದ ಮೌಂಟ್ ಎಜ್‌ಕೂಂಬ್ ಎಸ್ಟೇಟಿನಲ್ಲಿ ಮನೆ ಮಾಲೀಕರ ಸಂಘವೇ 40 ಕಿ.ಮೀ. ಮಿತಿ ಹಾಕಿತ್ತು, ಅತಿವೇಗಕ್ಕೆ ನಿವಾಸಿಯೊಬ್ಬರಿಗೆ ವಿಧಿಸಿದ ದಂಡ ಕೋರ್ಟಿನ ಮೆಟ್ಟಿಲೇರಿತು. 2017ರಲ್ಲಿ ಹೈಕೋರ್ಟು ಅವು ಸಾರ್ವಜನಿಕ ರಸ್ತೆಗಳೆಂದು ಹೇಳಿ ನಿವಾಸಿಯ ಪರ ನಿಂತಿತು. 2019ರಲ್ಲಿ ಸುಪ್ರೀಂ ಮೇಲ್ಮನವಿ ನ್ಯಾಯಾಲಯ ಆ ತೀರ್ಪನ್ನು ತಿರುಗಿಸಿತು: ಅವು ಖಾಸಗಿ ರಸ್ತೆಗಳು, ಸಂಘದ ನಿಯಮಗಳು ಮನೆ ಮಾಲೀಕರು ಒಪ್ಪಿಕೊಂಡ ಕರಾರು. ಆದ್ದರಿಂದ ಇಂಥ ಎಸ್ಟೇಟಿನಲ್ಲಿ ಮನೆ ಕೊಳ್ಳುವವರು ಸಂಚಾರದ ನಿಯಮಗಳನ್ನೂ ಓದಿಯೇ ಸಹಿ ಹಾಕಬೇಕು.

ನೋಟಿಸ್ ಬಂದರೆ

ಮೊದಲು ಅದು ಯಾವ ಕಾನೂನಿನಡಿ ಬಂದಿದೆಯೆಂದು ನೋಡಿ.

• ಜೋಹಾನ್ಸ್‌ಬರ್ಗ್ ಮತ್ತು ಟ್ಶ್ವಾನೆಯಲ್ಲಿ ‘ಆರ್ಟೋ’ ಕಾಯ್ದೆ ನಡೆಯುತ್ತದೆ. ನೋಟಿಸ್ ಜಾರಿಯಾದ 32 ದಿನಗಳೊಳಗೆ ಕಟ್ಟಿದರೆ ದಂಡ ಅರ್ಧಕ್ಕೆ ಇಳಿಯುತ್ತದೆ. ಸಣ್ಣ ಉಲ್ಲಂಘನೆಯಾದರೆ ಹಣ ಕಟ್ಟದೆ ಲಿಖಿತ ಅಹವಾಲು ಸಲ್ಲಿಸಬಹುದು. ಗಾಡಿ ಓಡಿಸಿದ್ದು ಬೇರೆಯವರಾದರೆ ಅವರ ವಿವರ ಕೊಡಬಹುದು.

• ಉಳಿದ ಕಡೆ 1977ರ ಅಪರಾಧ ಪ್ರಕ್ರಿಯಾ ಕಾಯ್ದೆಯಡಿ ನೋಟಿಸ್ ಬರಬಹುದು. 56ನೇ ಸೆಕ್ಷನ್ನಿನದಾದರೆ ಅದರಲ್ಲಿ ಕೋರ್ಟಿನ ತಾರೀಖು ಇರುತ್ತದೆ. ದಂಡವನ್ನೂ ಕಟ್ಟದೆ, ಕೋರ್ಟಿಗೂ ಹೋಗದಿದ್ದರೆ ವಾರಂಟು ಹೊರಡಬಹುದು. ಕ್ಯಾಮೆರಾ ಕೇಸಿಗೆ ಅಂಚೆಯಲ್ಲಿ ಬರುವುದು ಸಾಮಾನ್ಯವಾಗಿ 341ನೇ ಸೆಕ್ಷನ್ನಿನದು. ಸುಮ್ಮನಿದ್ದರೆ ಮುಂದೆ ಸಮನ್ಸ್ ಬರಬಹುದು. ಎರಡಕ್ಕೂ ಲಿಖಿತ ಅಹವಾಲು ಕೊಡಲು ಅವಕಾಶವಿದೆ.

ಅಹವಾಲಿನಲ್ಲಿ ನೋಟಿಸ್ ಸಂಖ್ಯೆ, ಸ್ಥಳ, ದಿನಾಂಕ, ಫಲಕದಲ್ಲಿ ಕಂಡ ದೋಷ ಇಷ್ಟನ್ನೇ ಬರೆದು ಫೋಟೋ ಲಗತ್ತಿಸಿ. ಸ್ವೀಕೃತಿ ಪಡೆದ ಪ್ರತಿಯನ್ನು ಜೋಪಾನವಾಗಿಡಿ. ದೋಷವನ್ನು ರಸ್ತೆ ನೋಡಿಕೊಳ್ಳುವ ಆಡಳಿತಕ್ಕೂ ಬೇರೆಯಾಗಿ ತಿಳಿಸಿದರೆ ಮುಂದಿನ ಚಾಲಕನಿಗೆ ಅದೇ ನೋಟಿಸ್ ಬರುವುದು ತಪ್ಪುತ್ತದೆ.