ಹಿತ್ತಲಲ್ಲಿ ರಾತ್ರಿ ತಿಂದವರು ಯಾರು? ಮೊದಲು ಗುರುತು ನೋಡಿ



ಎರಡು ವರ್ಷದ ಹಿಂದೆ ನಮ್ಮ ಹಿತ್ತಲಲ್ಲಿ ದಿನಾ ಬೆಳಿಗ್ಗೆ ನಾಲ್ಕೈದು ಎಳೆ ತೆಂಗಿನಕಾಯಿ ತೂತಾಗಿ ಬಿದ್ದಿರುತ್ತಿದ್ದವು. ಮರದಲ್ಲಿದ್ದ ಪಪ್ಪಾಯಿ ಹಣ್ಣೂ ಅರ್ಧ ಖಾಲಿ. ರಾತ್ರಿ ಅಟ್ಟದ ಮೇಲೆ ಏನೋ ಓಡಾಡೋ ಸದ್ದು ಬೇರೆ. "ಎಲ್ಲಾ ಕಾಡುಬೆಕ್ಕಿನದ್ದೇ ಕೆಲಸ" ಅಂತ ನಾನು ತೀರ್ಮಾನ ಮಾಡಿಬಿಟ್ಟೆ. ಅಪ್ಪಯ್ಯ "ಬೇಡ ಕಣೋ" ಅಂದರೂ ಕೇಳದೆ ಬಾಳೆಹಣ್ಣಿನಲ್ಲಿ ವಿಷ ಇಟ್ಟೆ. ಬೆಳಿಗ್ಗೆ ಕೊಟ್ಟಿಗೆ ಹತ್ತಿರ ಸತ್ತು ಬಿದ್ದಿದ್ದು ನಮ್ಮ ಮನೆ ನಾಯಿ.

ಮರುದಿನವೂ ತೂತಾದ ಕಾಯಿ ಬಿದ್ದಿತ್ತು. ಆಮೇಲೆ ಸರಿಯಾಗಿ ನೋಡಿದಾಗ ಗೊತ್ತಾಯ್ತು, ಕಾಯಿ ಕೊರೆಯುತ್ತಿದ್ದದ್ದು ಇಲಿ. ಆ ಇಲಿಯನ್ನು ಹಿಡಿದು ತಿನ್ನೋ ಪ್ರಾಣಿಗೇ ನಾನು ವಿಷ ಇಡಲು ಹೊರಟಿದ್ದೆ! ನೀವು ಈ ತಪ್ಪು ಮಾಡಬಾರದು ಅಂತ ಈ ವಾರದ ಪಾಠ.

ಯಾರ ಗುರುತು ಹೇಗಿರುತ್ತೆ?

• ಇಲಿ: ಎಳೆ ತೆಂಗಿನಕಾಯಿಯ ತೊಟ್ಟಿನ ಹತ್ತಿರ ತೂತು. ಕೋಕೋ ಕಾಯಲ್ಲೂ ತೊಟ್ಟಿನ ಬಳಿಯೇ ಅಂಕುಡೊಂಕಾಗಿ ಕೊರೆದಿರುತ್ತದೆ.
• ಅಳಿಲು: ಕೋಕೋ ಕಾಯಿಯ ನಡುಭಾಗದಲ್ಲಿ ಗುಂಡಗಿನ ತೂತು.
• ಬಾವಲಿ: ಹಣ್ಣನ್ನು ಬೇರೆ ಮರಕ್ಕೆ ಒಯ್ದು ತಿನ್ನುವುದುಂಟು. ಆ ಮರದಡಿ ರಸ ಹೀರಿ ಉಗಿದ ನಾರಿನ ಉಂಡೆಗಳು ಸಿಗುತ್ತವೆ.
• ಮುಳ್ಳುಹಂದಿ: ಕೆಸು, ಗೆಣಸು, ಸುವರ್ಣಗೆಡ್ಡೆ ಇರುವಲ್ಲಿ ಅಗೆದ ಗುಂಡಿ. ಬುಡ ಕಡಿದ ತೆಂಗು, ಅಡಿಕೆ ಸಸಿ. ಕೆಲವೊಮ್ಮೆ ಉದುರಿದ ಮುಳ್ಳು.
• ಕಾಡುಬೆಕ್ಕು: ಪಪ್ಪಾಯಿ, ಬಾಳೆ, ಸಪೋಟ, ಮಾವು, ಬೈನೆ ಹಣ್ಣು, ಕೆಂಪಾದ ಕಾಫಿ ಹಣ್ಣು. ಹಣ್ಣಾದದ್ದೇ ಇದಕ್ಕೆ ಬೇಕು. ಜೊತೆಗೆ ಇಲಿ, ಹುಳ, ಮೊಟ್ಟೆ. ಗೂಡು ಭದ್ರ ಇಲ್ಲದಿದ್ದರೆ ಕೋಳಿ. ಕಾಂಪೌಂಡ್ ಗೋಡೆ, ಬಂಡೆ, ಕೊಂಬೆ ಮೇಲೆ ಹಿಕ್ಕೆ ಹಾಕುತ್ತದೆ. ಅದರಲ್ಲಿ ಬೀಜಗಳು ಇಡಿಯಾಗಿಯೇ ಇರುತ್ತವೆ.

ಬೆಳಿಗ್ಗೆ ಗುಡಿಸುವ ಮೊದಲು ಮೊಬೈಲಲ್ಲಿ ಫೋಟೋ ತೆಗೆದುಕೊಳ್ಳಿ. ಪಕ್ಕದಲ್ಲಿ ಒಂದು ಬೆಂಕಿಪೊಟ್ಟಣ ಇಟ್ಟರೆ ತೂತಿನ, ಹಿಕ್ಕೆಯ ಅಳತೆ ತಿಳಿಯುತ್ತದೆ. ಒಂದು ವಾರದ ಫೋಟೋ ಜೋಡಿಸಿ ನೋಡಿದರೆ ಕಳ್ಳ ಯಾರು ಅಂತ ಹೆಚ್ಚುಕಮ್ಮಿ ಗೊತ್ತಾಗುತ್ತದೆ.

ಏನು ಮಾಡಬೇಕು?

1. ತೆಂಗಿನ ಮರಕ್ಕೆ ನೆಲದಿಂದ ಸುಮಾರು 2 ಮೀಟರ್ ಎತ್ತರದಲ್ಲಿ 40 ಸೆಂ.ಮೀ. ಅಗಲದ ತಗಡಿನ ಪಟ್ಟಿ ಸುತ್ತಿ. ಇಲಿ ಜಾರುತ್ತದೆ. ಆದರೆ ಪಕ್ಕದ ಮರದ ಗರಿ ತಾಗುತ್ತಿದ್ದರೆ ಪಟ್ಟಿ ಹಾಕಿ ಪ್ರಯೋಜನವಿಲ್ಲ, ಮೇಲಿಂದಲೇ ದಾಟಿ ಬರುತ್ತವೆ.
2. ಪಪ್ಪಾಯಿಯಲ್ಲಿ ಹಳದಿ ಗೆರೆ ಕಂಡ ಕೂಡಲೇ ಕೊಯ್ದು ಮನೆಯೊಳಗೆ ಹಣ್ಣು ಮಾಡಿ.
3. ಬಿದ್ದ ಹಣ್ಣು, ನಾಯಿಗೆ ಹಾಕಿ ಉಳಿದ ಅನ್ನ, ಅಡುಗೆಮನೆ ಕಸ ಸಂಜೆಯೇ ತೆಗೆಯಿರಿ. ವಾಸನೆಯೇ ಅವಕ್ಕೆ ಕರೆಯೋಲೆ.
4. ಕೋಳಿಗೂಡಿಗೆ ಸಣ್ಣ ಕಣ್ಣಿನ ಗಟ್ಟಿ ವೆಲ್ಡ್ ಮೆಶ್ ಹಾಕಿ, ಬಾಗಿಲಿಗೆ ಚಿಲಕ ಇಡಿ.
5. ಅಟ್ಟದಲ್ಲಿ ಕಾಡುಬೆಕ್ಕು ಇದ್ದರೆ, ಕತ್ತಲಾಗಿ ಅದು ಹೊರಗೆ ಹೋದ ಮೇಲೆ ಸಂದಿ ಮುಚ್ಚಿ. ಮರಿಗಳಿದ್ದರೆ ಅವು ಹೊರಡುವವರೆಗೆ ಕಾಯಿರಿ.

ಎರಡು ಎಚ್ಚರಿಕೆ

ಬಾವಲಿಯಾಗಲಿ ಬೇರೆ ಪ್ರಾಣಿಯಾಗಲಿ ಕಚ್ಚಿದ ಹಣ್ಣನ್ನು "ಆ ಕಡೆ ಚೆನ್ನಾಗಿದೆ" ಅಂತ ಕತ್ತರಿಸಿ ತಿನ್ನಬೇಡಿ, ಮಕ್ಕಳಿಗೂ ಕೊಡಬೇಡಿ. 2018ರಲ್ಲಿ ಪಕ್ಕದ ಕೇರಳದಲ್ಲಿ ಕಾಣಿಸಿಕೊಂಡ ನಿಪಾ ವೈರಸ್ ಬಾವಲಿಗಳಲ್ಲಿ ಇರುವಂಥದ್ದು.

ಇನ್ನೊಂದು, ಕಾಡುಬೆಕ್ಕು, ಮುಳ್ಳುಹಂದಿಗಳಿಗೆ 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ರಕ್ಷಣೆ ಇದೆ. ವಿಷ, ಉರುಳು ಇಟ್ಟರೆ ಕೇಸು ಬೀಳುತ್ತದೆ. ವಿಷಕ್ಕೆ ಯಾರು ಕಳ್ಳ, ಯಾರು ಮನೆಯವರು ಅಂತ ಗೊತ್ತಾಗುವುದಿಲ್ಲ ಅನ್ನೋದನ್ನು ನಾನು ನಾಯಿ ಕಳೆದುಕೊಂಡು ಕಲಿತೆ.

ಈಗ ನಮ್ಮ ತೆಂಗಿಗೆ ತಗಡು ಇದೆ, ತೂತು ಕಾಯಿ ಬೀಳುವುದು ಬಹಳ ಕಡಿಮೆ. ಕಾಡುಬೆಕ್ಕು ಆಗೊಮ್ಮೆ ಈಗೊಮ್ಮೆ ಬೈನೆ ಮರಕ್ಕೆ ಬಂದು ಹೋಗುತ್ತದೆ. ಬರಲಿ ಬಿಡಿ, ಇಲಿಯೂ ಹಿಡಿಯುತ್ತದಲ್ಲ.

ನಾಳೆ ಬೆಳಿಗ್ಗೆ ಹಿತ್ತಲಿಗೆ ಹೋಗಿ ಒಂದು ಸುತ್ತು ನೋಡಿ. ಮುಂದಿನ ವಾರ ಸಿಗೋಣ.