ಎಣ್ಣೆಗೆ ಕಾವಲು ನಿಂತು ಸವೆಯುವ ವಿಟಮಿನ್ 'ಇ'

ಮನೆಯ ಕಡ್ಲೆಕಾಯಿಯನ್ನು ಗಾಣಕ್ಕೆ ಹಾಕಿಸಿ, ಎಣ್ಣೆಯನ್ನು ತುಮಕೂರಿನ ಪರಿಚಯದ ಮನೆಗಳಿಗೆ ನೇರವಾಗಿ ಕೊಡುವ ರೈತರು ನಮ್ಮ ಗುಬ್ಬಿ, ಕುಣಿಗಲ್ ಕಡೆ ಅಲ್ಲಲ್ಲಿ ಇದ್ದಾರೆ. ನಾನೂ ಅವರಲ್ಲೊಬ್ಬ. ನಮಗೆಲ್ಲ ಎದುರಾಗುವ ಒಂದು ಮಾತಿದೆ: "ಪ್ಯಾಕೆಟ್ ಎಣ್ಣೆ ಆರು ತಿಂಗಳಿಟ್ಟರೂ ಏನೂ ಆಗಲ್ಲ, ನಿಮ್ಮದು ಎರಡೇ ತಿಂಗಳಿಗೆ ಕಮಟು ವಾಸನೆ ಬಂತಲ್ಲ. ಏನಾದ್ರೂ ಬೆರೆಸಿದ್ದೀರಾ?"

ಬೆರೆಸಿಲ್ಲ ಎಂದು ಬರೀ ಬಾಯಲ್ಲಿ ಹೇಳಿದರೆ ಗಿರಾಕಿ ನಂಬೋದಿಲ್ಲ. ಎಣ್ಣೆ ಯಾಕೆ ಕಮಟಾಗುತ್ತೆ ಅನ್ನೋದು ನಮಗೇ ಗೊತ್ತಿದ್ದರೆ ಉತ್ತರ ಕೊಡಬಹುದು, ತಡೆಯಲೂಬಹುದು. ಅದರ ಗುಟ್ಟು ಬಹುಪಾಲು ಇರುವುದು ವಿಟಮಿನ್ 'ಇ' ಎಂಬ ವಸ್ತುವಿನಲ್ಲಿ; ಅದು ಸವೆದ ಮೇಲೆ ಆಗುವ 'ಟೋಕೋಫೆರಿಲ್ ಕ್ವಿನೋನ್' ಎಂಬ ರೂಪದಲ್ಲಿ. ಹೆಸರು ಉದ್ದ ಅಂತ ಹೆದರಬೇಡಿ, ಸಂಗತಿ ಸರಳ.

ಕಮಟು ಅಂದರೆ ಏನು?

ಎಣ್ಣೆಗೆ ಗಾಳಿಯಲ್ಲಿರುವ ಆಮ್ಲಜನಕ ಸೇರಿದಾಗ ಆಗುವ ಕೆಡುಕೇ ಕಮಟು. ಇದು ಬಣವೆಗೆ ಬಿದ್ದ ಕಿಡಿ ಇದ್ದ ಹಾಗೆ. ಎಣ್ಣೆಯ ಒಂದು ಕಣ ಕೆಟ್ಟರೆ ಅದು ಪಕ್ಕದ್ದನ್ನು ಕೆಡಿಸುತ್ತೆ, ಅದು ಇನ್ನೊಂದನ್ನು. ಮೊದಮೊದಲು ವಾಸನೆಯೇ ಇರುವುದಿಲ್ಲ. ಮೂಗಿಗೆ ಬಡಿಯುವ ಹೊತ್ತಿಗೆ ಒಳಗೆ ಬಹಳ ದಿನದಿಂದ ಕೆಲಸ ನಡೆದಿರುತ್ತೆ.

ಈ ಸರಪಳಿಯನ್ನು ನಡುವೆ ತುಂಡರಿಸುವುದು ವಿಟಮಿನ್ 'ಇ'. ಇದರ ರಾಸಾಯನಿಕ ಹೆಸರು ಟೋಕೋಫೆರಾಲ್. ಕಡ್ಲೆಬೀಜ, ಸೂರ್ಯಕಾಂತಿ, ಹುಚ್ಚೆಳ್ಳು ಎಲ್ಲದರಲ್ಲೂ ಗಿಡವೇ ಇದನ್ನು ತುಂಬಿಟ್ಟಿರುತ್ತೆ. ಬೀಜದೊಳಗಿನ ಎಣ್ಣೆ ಮೊಳಕೆಗೆ ಬುತ್ತಿ. ಬಿತ್ತುವವರೆಗೆ ಆ ಬುತ್ತಿ ಹಳಸಬಾರದಲ್ಲ, ಅದಕ್ಕೇ ಈ ಕಾವಲು. ಕೆಟ್ಟ ಕಣ ಎದುರಾದಾಗ ಟೋಕೋಫೆರಾಲ್ ತನ್ನದೊಂದು ಭಾಗವನ್ನು ಕೊಟ್ಟು ಅದನ್ನು ಸುಮ್ಮನಾಗಿಸುತ್ತೆ. ಹೀಗೆ ಒಂದು ಅಣು ಎರಡು ಕೆಟ್ಟ ಕಣಗಳನ್ನು ತಡೆಯಬಲ್ಲದು. ಅಷ್ಟಾದ ಮೇಲೆ ಅದರ ಕೆಲಸ ಮುಗಿಯಿತು. ತಾನೇ ಉತ್ಕರ್ಷಣಗೊಂಡು ಟೋಕೋಫೆರಿಲ್ ಕ್ವಿನೋನ್ ಆಗುತ್ತೆ. ಬಾಟಲಿಯೊಳಗೆ ಅದು ಮತ್ತೆ ಹಳೆಯ ರೂಪಕ್ಕೆ ಬರೋದಿಲ್ಲ.

ನಮ್ಮ ಮೈಯಲ್ಲಿ ಹಾಗಲ್ಲ. ಟೋಕೋಫೆರಾಲ್ ಅರ್ಧ ಸವೆದಾಗ ವಿಟಮಿನ್ 'ಸಿ' ಬಂದು ಅದನ್ನು ಮತ್ತೆ ನೆಟ್ಟಗೆ ಮಾಡುತ್ತೆ. ಎಣ್ಣೆಯಲ್ಲಿ ವಿಟಮಿನ್ 'ಸಿ' ಇಲ್ಲ. ಅಲ್ಲಿ ಸವೆದದ್ದು ಸವೆದೇ ಹೋಯಿತು.

ಕ್ವಿನೋನ್ ಜಾತಿಯ ವಸ್ತು ನಮಗೆ ಹೊಸದೇನಲ್ಲ. ಹೆಚ್ಚಿಟ್ಟ ಬದನೆಕಾಯಿ, ಆಲೂಗಡ್ಡೆ ಗಾಳಿಗೆ ಕಂದಾಗುವುದು ಇದೇ ಜಾತಿಯ ವಸ್ತುಗಳಿಂದ. ಕೆಲವು ಪ್ಯಾಕೆಟ್ ಎಣ್ಣೆಗೆ ಹಾಕುವ ಟಿ.ಬಿ.ಎಚ್.ಕ್ಯೂ. ಎಂಬ ಕೃತಕ ರಕ್ಷಕವೂ ಎಣ್ಣೆಯನ್ನು ಕಾಯುತ್ತ ತಾನು ಕ್ವಿನೋನ್ ಆಗುವಂಥದ್ದೇ. ಅದನ್ನು ಕಿಲೋ ಎಣ್ಣೆಗೆ 200 ಮಿಲಿಗ್ರಾಂ ಮೀರದಂತೆ ಬಳಸಲು ಕಾನೂನಿನ ಅನುಮತಿ ಇದೆ. ಗಿರಾಕಿಗಳಿಗೆ ಇದನ್ನೇ ಹೇಳಿ: ನಮ್ಮ ಎಣ್ಣೆಯಲ್ಲಿ ಬೀಜ ಕೊಟ್ಟ ಕಾವಲುಗಾರ ಮಾತ್ರ ಇದ್ದಾನೆ, ಹೊರಗಿನಿಂದ ತಂದವನು ಇಲ್ಲ.

ಇಲಿಗೆ ಹಾಕಿದ ಸೊಪ್ಪು

ಈ ವಿಟಮಿನ್ ಪತ್ತೆಯಾದ ಬಗೆ ರೈತರಿಗೆ ಅರ್ಥವಾಗುವಂಥದ್ದು. 1922ರಲ್ಲಿ ಅಮೆರಿಕಾದ ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದಲ್ಲಿ ಹರ್ಬರ್ಟ್ ಇವಾನ್ಸ್ ಮತ್ತು ಕ್ಯಾಥರೀನ್ ಬಿಷಪ್ ಎಂಬವರು ಇಲಿಗಳನ್ನು ಸಾಕಿ ಪ್ರಯೋಗ ಮಾಡುತ್ತಿದ್ದರು. ಹಂದಿಯ ಕೊಬ್ಬು, ಪಿಷ್ಟ, ಹಾಲಿನ ಸಾರ ಬೆರೆಸಿದ ಆಹಾರದಲ್ಲಿ ಇಲಿಗಳು ದಷ್ಟಪುಷ್ಟವಾಗಿ ಬೆಳೆದವು, ಗಬ್ಬವೂ ಆದವು. ಆದರೆ ಮರಿಗಳು ಹೊಟ್ಟೆಯಲ್ಲೇ ಕರಗಿಹೋಗುತ್ತಿದ್ದವು. ಲೆಟ್ಯೂಸ್ ಎಂಬ ಹಸಿ ಸೊಪ್ಪು ಹಾಕಿದ ಮೇಲೆ ಮರಿಗಳು ಉಳಿದವು. ಗೋಧಿ ಮೊಳಕೆಯ ಭಾಗದ ಎಣ್ಣೆ ಕೊಟ್ಟಾಗಲೂ ಉಳಿದವು.

1936ರಲ್ಲಿ ಇವಾನ್ಸ್ ತಂಡ ಗೋಧಿ ಮೊಳಕೆಯ ಎಣ್ಣೆಯಿಂದ ಈ ವಸ್ತುವನ್ನು ಶುದ್ಧ ರೂಪದಲ್ಲಿ ಬೇರ್ಪಡಿಸಿತು. ಗ್ರೀಕ್ ಭಾಷೆಯಲ್ಲಿ 'ಟೋಕೋಸ್' ಅಂದರೆ ಹೆರಿಗೆ. ಅದರಿಂದ ಟೋಕೋಫೆರಾಲ್ ಎಂಬ ಹೆಸರು ಬಂತು. 1938ರಲ್ಲಿ ಸ್ವಿಟ್ಜರ್ಲೆಂಡಿನ ಪಾಲ್ ಕಾರರ್ ಇದನ್ನು ಪ್ರಯೋಗಾಲಯದಲ್ಲೇ ತಯಾರಿಸಿದರು. ಹಸಿ ಸೊಪ್ಪು, ಮೊಳಕೆ, ಗಬ್ಬ – ಈ ಮೂರು ಮಾತು ನೆನಪಿಟ್ಟುಕೊಳ್ಳಿ. ದನದ ವಿಚಾರಕ್ಕೆ ಬಂದಾಗ ಬೇಕಾಗುತ್ತೆ.

ಸವೆದ ರೂಪದಿಂದ ವಿಜ್ಞಾನಿಗಳಿಗೇನು ಉಪಯೋಗ?

ಮೊದಲನೆಯದು ಅಳತೆ. 1938ರಲ್ಲಿ ಎಮರಿ ಮತ್ತು ಎಂಗೆಲ್ ಎಂಬ ಡಚ್ ವಿಜ್ಞಾನಿಗಳು ಒಂದು ಸುಲಭ ಉಪಾಯ ಕಂಡುಕೊಂಡರು. ಟೋಕೋಫೆರಾಲ್‌ಗೆ ಕಬ್ಬಿಣದ ಒಂದು ಲವಣ (ಫೆರಿಕ್ ಕ್ಲೋರೈಡ್) ಸೇರಿಸಿದರೆ ಟೋಕೋಫೆರಾಲ್ ಕ್ವಿನೋನ್ ಆಗುತ್ತೆ, ಕಬ್ಬಿಣವೂ ತನ್ನ ರೂಪ ಬದಲಿಸುತ್ತೆ. ಬದಲಾದ ಕಬ್ಬಿಣ ಇನ್ನೊಂದು ದ್ರಾವಣದೊಂದಿಗೆ ಸೇರಿ ಕೆಂಪು ಬಣ್ಣ ಕೊಡುತ್ತೆ. ಕೆಂಪು ಗಾಢವಾದಷ್ಟೂ ವಿಟಮಿನ್ 'ಇ' ಹೆಚ್ಚು. ಬೇರೆ ವಸ್ತುಗಳೂ ಈ ಬಣ್ಣ ಕೊಡಬಹುದಾದ್ದರಿಂದ ಈಗ ಹೆಚ್ಚು ನಿಖರವಾದ ಯಂತ್ರಗಳಲ್ಲಿ ಅಳೆಯುತ್ತಾರೆ.

ಎರಡನೆಯದು ಲೆಕ್ಕ ಹಿಡಿಯುವುದು. ಎಣ್ಣೆ, ಬೀಜ, ಎಲೆ ಅಥವಾ ರಕ್ತದಲ್ಲಿ ಟೋಕೋಫೆರಾಲ್ ಎಷ್ಟು ಉಳಿದಿದೆ, ಕ್ವಿನೋನ್ ಎಷ್ಟಾಗಿದೆ ಎಂದು ಜೊತೆಜೊತೆಗೆ ನೋಡಿದರೆ, ಅಲ್ಲಿ ಎಷ್ಟು ಉತ್ಕರ್ಷಣ ನಡೆದಿದೆ ಎಂಬ ಸುಳಿವು ಸಿಗುತ್ತೆ. ಕಣದಲ್ಲಿ ಬಿದ್ದ ಹೊಟ್ಟು ನೋಡಿ ಎಷ್ಟು ಒಕ್ಕಣೆ ಆಗಿದೆ ಅಂತ ಅಂದಾಜು ಮಾಡ್ತೀವಲ್ಲ, ಹಾಗೆ.

ಮೂರನೆಯದು ರಕ್ತ ಹೆಪ್ಪುಗಟ್ಟುವ ವಿಚಾರ. ರಕ್ತ ಹೆಪ್ಪುಗಟ್ಟಲು ವಿಟಮಿನ್ 'ಕೆ' ಬೇಕು. ಗೋದಾಮಿನಲ್ಲಿ ಇಡುವ ಬ್ರೋಮಾಡಿಯೋಲೋನ್ ಇಲಿಪಾಷಾಣ ಈ 'ಕೆ' ವಿಟಮಿನ್ನಿನ ದಾರಿಗೆ ಅಡ್ಡಗಟ್ಟಿ ಇಲಿಯನ್ನು ರಕ್ತಸ್ರಾವದಿಂದ ಸಾಯಿಸುತ್ತೆ. ವಿಟಮಿನ್ 'ಇ'ಯ ಕ್ವಿನೋನ್ ರೂಪವೂ 'ಕೆ' ವಿಟಮಿನ್ನಿನ ಕೆಲಸವನ್ನು ಬೇರೊಂದು ಹಂತದಲ್ಲಿ ತಡೆಯಬಲ್ಲದು ಎಂದು 1995ರಲ್ಲಿ ಪಾಲ್ ಡೌಡ್ ಮತ್ತು ಜೆಂಗ್ ಎಂಬ ವಿಜ್ಞಾನಿಗಳು ಪ್ರಯೋಗಾಲಯದಲ್ಲಿ ತೋರಿಸಿದರು. ಊಟದಲ್ಲಿ ಬರುವ ವಿಟಮಿನ್ 'ಇ'ಗೆ ಹೆದರಬೇಕಾಗಿಲ್ಲ. ಆದರೆ ಹೃದಯದ ತೊಂದರೆಗೆ ವಾರ್ಫರಿನ್‌ನಂಥ ರಕ್ತ ತೆಳುವಾಗಿಸುವ ಮಾತ್ರೆ ತಿನ್ನುವವರು ಡಾಕ್ಟರನ್ನು ಕೇಳದೆ ವಿಟಮಿನ್ 'ಇ' ಕ್ಯಾಪ್ಸೂಲ್ ನುಂಗಬಾರದು. ಮೆಡಿಕಲ್ ಸ್ಟೋರಿನಲ್ಲಿ ಕೇಳಿದರೆ ಸಿಗುತ್ತೆ ಅಂತ ತಿನ್ನುವವರು ಹಳ್ಳಿಯಲ್ಲೂ ಇದ್ದಾರೆ, ಅದಕ್ಕೇ ಹೇಳಿದೆ.

ಔಷಧಿಯ ಹುಡುಕಾಟವೂ ನಡೆದಿದೆ. ಇದೇ ಕುಟುಂಬದ 'ವ್ಯಾಟಿಕ್ವಿನೋನ್' ಎಂಬುದನ್ನು ಹುಟ್ಟಿನಿಂದ ಬರುವ ಕೆಲವು ನರರೋಗಗಳಿಗೆ ಪರೀಕ್ಷಿಸಿದ್ದಾರೆ. 2025ರಲ್ಲಿ ಅಮೆರಿಕಾದ ಔಷಧ ನಿಯಂತ್ರಣ ಸಂಸ್ಥೆ ಅದಕ್ಕೆ ಒಪ್ಪಿಗೆ ಕೊಡಲಿಲ್ಲ.

ಯಾವ ಎಣ್ಣೆ ಎಷ್ಟು ತಾಳುತ್ತೆ?

100 ಗ್ರಾಂ ಕಡ್ಲೆಕಾಯಿ ಎಣ್ಣೆಯಲ್ಲಿ ಸುಮಾರು 15 ಮಿಲಿಗ್ರಾಂ ವಿಟಮಿನ್ 'ಇ' ಇರುತ್ತೆ. ಸೂರ್ಯಕಾಂತಿಯಲ್ಲಿ ಸುಮಾರು 40. ಕೊಬ್ಬರಿ ಎಣ್ಣೆಯಲ್ಲಿ ಒಂದು ಮಿಲಿಗ್ರಾಮೂ ಇಲ್ಲ.

ಹಾಗಾದರೆ ಕೊಬ್ಬರಿ ಎಣ್ಣೆ ಎಲ್ಲಕ್ಕಿಂತ ಬೇಗ ಕೆಡಬೇಕಲ್ಲ? ಕೆಡೋದಿಲ್ಲ. ಅದರ ಸುಮಾರು ಶೇಕಡಾ 90 ಭಾಗ ಆಮ್ಲಜನಕ ಸುಲಭವಾಗಿ ಹಿಡಿಯಲಾಗದ ಗಟ್ಟಿ ಜಾತಿಯ ಕೊಬ್ಬು. ಕಳ್ಳನಿಗೆ ಬೇಕಾದ್ದು ಮನೆಯಲ್ಲಿ ಇಲ್ಲದಿದ್ದರೆ ಕಾವಲು ಯಾಕೆ? ಸೂರ್ಯಕಾಂತಿ, ಹುಚ್ಚೆಳ್ಳು ಎಣ್ಣೆಗಳು ಬೇಗ ಕೆಡುವ ಜಾತಿಯವು. ಕಡ್ಲೆಕಾಯಿ ಎಣ್ಣೆ ನಡುವಿನದು. ಆದ್ದರಿಂದ ಕಾವಲುಗಾರರ ಸಂಖ್ಯೆಗಿಂತ, ಅವರನ್ನು ನಾವು ದಂಡಮಾಡದೆ ಉಳಿಸಿಕೊಳ್ಳುವುದು ಮುಖ್ಯ.

ನಾವು ಅನುಸರಿಸುತ್ತಿರುವ ಕ್ರಮ

1. ಕಡ್ಲೆಕಾಯಿಯನ್ನು ಸಿಪ್ಪೆ ಸಮೇತ ಇಡುವುದು. ಅಲ್ಲಾಡಿಸಿದರೆ ಗಲಗಲ ಅನ್ನುವಷ್ಟು ಒಣಗಿರಬೇಕು. ಬೇಕಾದಾಗ ಮಾತ್ರ ಬಿಡಿಸೋದು. ಬೀಜ ಒಡೆದರೆ, ಜಜ್ಜಿದರೆ ಗಾಳಿ ಒಳಹೊಕ್ಕು ಸವೆತ ಶುರು.

2. ಬೂಷ್ಟು ಹಿಡಿದ, ಸುಕ್ಕಾದ ಬೀಜ ಆರಿಸಿ ತೆಗೆಯುವುದು. ಬೂಷ್ಟಿನಲ್ಲಿ ಅಫ್ಲಾಟಾಕ್ಸಿನ್ ಎಂಬ ವಿಷ ಇರಬಹುದು. ಅದು ಕಮಟಿಗಿಂತ ಬೇರೆಯೇ ಅಪಾಯ, ವಾಸನೆಯಿಂದ ಗೊತ್ತಾಗುವುದೂ ಇಲ್ಲ.

3. ವರ್ಷಕ್ಕಾಗುವಷ್ಟು ಒಮ್ಮೆಲೇ ಗಾಣ ಆಡಿಸುವುದಿಲ್ಲ. ಒಂದೂವರೆ, ಎರಡು ತಿಂಗಳಿಗೆ ಸಾಕಾಗುವಷ್ಟು ಮಾತ್ರ. ಬೀಜದೊಳಗೆ ಇರುವಷ್ಟು ಭದ್ರವಾಗಿ ಎಣ್ಣೆ ಡಬ್ಬದೊಳಗೆ ಇರೋದಿಲ್ಲ.

4. ಮಡ್ಡಿ ಇಳಿಯಲು ಬಿಟ್ಟು, ತಿಳಿ ಎಣ್ಣೆಯನ್ನು ಬೇರೆ ಮಾಡುವುದು. ಮಡ್ಡಿಯ ಜೊತೆ ತೇವವೂ ಇರುತ್ತೆ.

5. ಸ್ಟೀಲ್ ಡಬ್ಬ ಅಥವಾ ಪಿಂಗಾಣಿ ಜಾಡಿ. ತಾಮ್ರ, ಹಿತ್ತಾಳೆ, ತುಕ್ಕು ಹಿಡಿದ ತಗಡಿನ ಡಬ್ಬ ಬೇಡ. ತಾಮ್ರ, ಕಬ್ಬಿಣದ ಚೂರುಪಾರೂ ಉತ್ಕರ್ಷಣವನ್ನು ಜೋರು ಮಾಡುತ್ತೆ.

6. ಕಂಠದವರೆಗೆ ತುಂಬಿ, ಕತ್ತಲಲ್ಲಿ, ಒಲೆಯಿಂದ ದೂರ ಇಡುವುದು. ಚೆಂದ ಕಾಣಲಿ ಅಂತ ಬಿಳಿ ಬಾಟಲಿಯಲ್ಲಿ ತುಂಬಿ ಅಂಗಡಿ ಮುಂದೆ ಬಿಸಿಲಿಗೆ ಜೋಡಿಸಿದರೆ ವಿಟಮಿನ್ 'ಇ' ಬೇಗ ತೀರುತ್ತೆ.

7. ಹಳೆ ಎಣ್ಣೆಯ ತಳಕ್ಕೆ ಹೊಸ ಎಣ್ಣೆ ಸುರಿಯಬಾರದು. ಹಳೆಯದರಲ್ಲಿರುವ ಕೆಟ್ಟ ಕಣಗಳು ಹೊಸ ಎಣ್ಣೆಯ ಕಾವಲನ್ನು ಮೊದಲ ದಿನದಿಂದಲೇ ತಿನ್ನುತ್ತವೆ. ಪಾತ್ರೆ ತೊಳೆದು, ಪೂರ್ತಿ ಒಣಗಿಸಿ ತುಂಬಿ.

ಕ್ಯಾಪ್ಸೂಲ್ ಒಡೆದು ಹಾಕಿದರೆ?

ವಿಟಮಿನ್ 'ಇ' ಕ್ಯಾಪ್ಸೂಲನ್ನೇ ಎಣ್ಣೆಗೆ ಒಡೆದು ಹಾಕಿದರೆ ಆಗದೇ ಎಂದು ಸ್ನೇಹಿತರು ಕೇಳುತ್ತಾರೆ. ಆಗುವುದಿಲ್ಲ. ಅಂಗಡಿಯಲ್ಲಿ ಸಿಗುವ ಕ್ಯಾಪ್ಸೂಲುಗಳಲ್ಲಿ ಸಾಮಾನ್ಯವಾಗಿ ಇರುವುದು ಟೋಕೋಫೆರಿಲ್ ಅಸಿಟೇಟ್. ಅಂದರೆ ಕೆಲಸ ಮಾಡುವ ಕೈಗೆ ಬೀಗ ಹಾಕಿಟ್ಟ ವಿಟಮಿನ್. ಕ್ಯಾಪ್ಸೂಲಿನೊಳಗೆ ಅದು ಸವೆಯದಿರಲಿ ಅಂತಲೇ ಹಾಗೆ ಮಾಡಿರುತ್ತಾರೆ. ನಮ್ಮ ಕರುಳಿನ ರಸ ಆ ಬೀಗ ತೆಗೆಯುತ್ತೆ; ಎಣ್ಣೆ ಡಬ್ಬದಲ್ಲಿ ತೆಗೆಯುವವರು ಯಾರೂ ಇಲ್ಲ. ಬೀಗವಿಲ್ಲದ ಟೋಕೋಫೆರಾಲನ್ನೇ ತಂದು ಅತಿಯಾಗಿ ಸುರಿದರೂ ಅದು ತಿರುಗಿಬಿದ್ದು ಎಣ್ಣೆಯನ್ನು ಕೆಡಿಸುವುದುಂಟು. ಇನ್ನು, ಕಮಟಾದ ಎಣ್ಣೆಯನ್ನು ಯಾವುದೂ ಮೊದಲಿನಂತೆ ಮಾಡೋದಿಲ್ಲ. ಅಂಥದ್ದನ್ನು ದನಕ್ಕೂ ಹಾಕಬೇಡಿ.

ದನಕ್ಕೆ ಒಣಹುಲ್ಲು, ಕುದುರೆಗೆ ಹಸಿರು

ದನಕ್ಕೆ ಯಾಕೆ ಬೇಡ ಅನ್ನೋದಕ್ಕೂ ಕಾರಣ ಇದೇ. ಕಮಟು ಹಿಡಿದ ತೌಡು, ಹಿಂಡಿ ತಿಂದ ಹಸುವಿನ ಮೈಯಲ್ಲಿರುವ ವಿಟಮಿನ್ 'ಇ' ಆ ಕೆಟ್ಟ ಕಣಗಳನ್ನು ಸುಮ್ಮನಾಗಿಸುವುದಕ್ಕೇ ಖರ್ಚಾಗುತ್ತೆ. ಅಕ್ಕಿ ತೌಡು ಬಹಳ ಬೇಗ ಕೆಡುವಂಥದ್ದು. ಅಗ್ಗಕ್ಕೆ ಸಿಕ್ಕಿತು ಅಂತ ಮೂಟೆಗಟ್ಟಲೆ ಕೂಡಿಡಬಾರದು.

ಮೇವಿನಲ್ಲಿ ವಿಟಮಿನ್ 'ಇ' ಇರುವುದು ಹಸಿರಿನಲ್ಲಿ. ಕೊಯ್ದು ಬಿಸಿಲಿಗೆ ಒಣಗಿಸಿದರೆ ಬಹುಪಾಲು ಹೋಗುತ್ತೆ. ತಿಂಗಳುಗಟ್ಟಲೆ ಬಣವೆಯಲ್ಲಿದ್ದ ರಾಗಿ ಹುಲ್ಲಿನಲ್ಲಿ ಹೆಚ್ಚೇನೂ ಉಳಿದಿರುವುದಿಲ್ಲ. ನಮ್ಮ ಕಡೆ ಬೇಸಗೆಯಲ್ಲಿ ಗಬ್ಬದ ಹಸುವಿಗೆ ಬರೀ ರಾಗಿ ಹುಲ್ಲೇ ಗತಿ. ಕರು ಹಾಕಿದ ಮೇಲೆ ಕಸ ಬೀಳದೆ ಪರದಾಡುವುದು ಎಲ್ಲರಿಗೂ ಗೊತ್ತು. ಕಸ ನಿಲ್ಲಲು ಹಲವು ಕಾರಣಗಳಿವೆ. ವಿಟಮಿನ್ 'ಇ' ಮತ್ತು ಸೆಲೆನಿಯಂ ಎಂಬ ಖನಿಜದ ಕೊರತೆ ಅವುಗಳಲ್ಲೊಂದು.

ಕುಣಿಗಲ್ ಅಂದರೆ ಕುದುರೆ ಫಾರಂ ಅಂತ ನಾಡಿಗೇ ಗೊತ್ತು. ಕುದುರೆ ಸಾಕುವವರು ಹಸಿ ಹುಲ್ಲಿಗೆ ಅಷ್ಟು ಮಹತ್ವ ಕೊಡುವುದಕ್ಕೆ ಒಂದು ಕಾರಣ ಇದೇ. ಹಸಿರು ಮೇವಿಲ್ಲದೆ ಬಹುಕಾಲ ಒಣಹುಲ್ಲಿನಲ್ಲೇ ಕಟ್ಟಿ ಸಾಕಿದ ಕುದುರೆಗಳಿಗೆ ನರ ಸೊರಗಿ, ಕಾಲು ನಡುಗಿ, ಮಾಂಸಖಂಡ ಕರಗುವ ರೋಗವನ್ನು 1990ರಲ್ಲಿ ಅಮೆರಿಕಾದಲ್ಲಿ ಗುರುತಿಸಿದರು. ಅದಕ್ಕೂ ವಿಟಮಿನ್ 'ಇ' ಕೊರತೆಗೂ ನಂಟಿರುವುದು ಆಮೇಲೆ ತಿಳಿಯಿತು. ರೇಸ್ ಕುದುರೆಗೆ ಬೇಕಾದ ಹಸಿರು ನಮ್ಮ ಕೊಟ್ಟಿಗೆಯ ಹಸುವಿಗೂ ಬೇಕು.

ಎಕರೆಗಟ್ಟಲೆ ಮೇವು ಬೆಳೆಯಬೇಕಾಗಿಲ್ಲ. ಬಚ್ಚಲ ನೀರು ಹೋಗುವ ಕಡೆ ನಾಲ್ಕು ಬುಡ ಸೀಮೆ ಹುಲ್ಲು, ತೆಂಗಿನ ಸಾಲಿನ ನಡುವೆ ಹಲಸಂದೆ, ಬೇಲಿಯಲ್ಲಿ ಅಗಸೆ, ನುಗ್ಗೆ ಇದ್ದರೆ ಸಾಕು. ಗಬ್ಬದ ಕೊನೆಯ ಎರಡು ತಿಂಗಳು ದಿನಾ ಒಂದು ಹೊರೆ ಹಸಿರು ತಪ್ಪಿಸಬೇಡಿ. ವಿಟಮಿನ್ 'ಇ'–ಸೆಲೆನಿಯಂ ಇಂಜೆಕ್ಷನ್ ಬೇಕೋ ಬೇಡವೋ ಎಂಬುದನ್ನು ಪಶುವೈದ್ಯರೇ ಹೇಳಲಿ. ಸೆಲೆನಿಯಂ ಸ್ವಲ್ಪ ಹೆಚ್ಚಾದರೂ ವಿಷ.

ಮನೆಯಲ್ಲೇ ಮಾಡಬಹುದಾದ ಪರೀಕ್ಷೆ

ಕ್ವಿನೋನ್ ಅಳೆಯುವ ಯಂತ್ರ ನಮ್ಮ ಹತ್ತಿರ ಇಲ್ಲ, ಮೂಗು ಇದೆ. ಒಂದೇ ಗಾಣದ ಎಣ್ಣೆಯನ್ನು ಎರಡು ಸಣ್ಣ ಬಿಳಿ ಬಾಟಲಿಗೆ ಹಾಕಿ. ಒಂದನ್ನು ಅರ್ಧಕ್ಕೆ ತುಂಬಿ ಬಿಸಿಲು ಬೀಳುವ ಕಿಟಕಿಯಲ್ಲಿಡಿ. ಇನ್ನೊಂದನ್ನು ಕಂಠಮಟ್ಟ ತುಂಬಿ, ಕಾಗದ ಸುತ್ತಿ, ಕತ್ತಲ ಮೂಲೆಯಲ್ಲಿಡಿ. ಹದಿನೈದು ದಿನಕ್ಕೊಮ್ಮೆ ಎರಡರಿಂದಲೂ ಒಂದೊಂದು ಚಮಚ ತೆಗೆದು ಸ್ವಲ್ಪ ಬೆಚ್ಚಗೆ ಮಾಡಿ ಮೂಸಿ ನೋಡಿ. ನಮ್ಮ ಮನೆಯಲ್ಲಿ ಕಿಟಕಿಯ ಎಣ್ಣೆಯೇ ಮೊದಲು ಕಮಟಾಯಿತು, ಕತ್ತಲಿನದು ಆಗಿನ್ನೂ ಅಡುಗೆಗೆ ಬರುವಂತಿತ್ತು. ಗಿರಾಕಿಗಳಿಗೂ ಎರಡನ್ನೂ ಮೂಸಲು ಕೊಡಿ. ಕಲಬೆರಕೆಯ ಅನುಮಾನಕ್ಕೆ ಇದಕ್ಕಿಂತ ಒಳ್ಳೆಯ ಉತ್ತರ ನನಗೆ ಸಿಕ್ಕಿಲ್ಲ. ಡಬ್ಬದ ಮೇಲೆ ಗಾಣ ಆಡಿಸಿದ ತಾರೀಕನ್ನೂ ಬರೆದು ಕೊಡಿ.

ಹುಚ್ಚೆಳ್ಳು ಎಣ್ಣೆಯನ್ನು ಹೆಚ್ಚು ದಿನ ಕೆಡದಂತೆ ಇಡುವ ಹಳೆಯ ಕ್ರಮ ಯಾರಿಗಾದರೂ ಗೊತ್ತಿದ್ದರೆ ದಯವಿಟ್ಟು ಪತ್ರಿಕೆಗೆ ಬರೆಯಿರಿ. ನಾವೂ ಮಾಡಿ ನೋಡುತ್ತೇವೆ.